ನೀರು ಹತ್ತುವ ಬೀದಿ

ನಾನು ಮುಚ್ಚಳ ಮಾಡುವವಳು. ಎಣ್ಣೆ ಡಬ್ಬ ಒಡೆದು, ತಗಡು ಬಿಡಿಸಿ, ದುಂಡಗೆ ಕತ್ತರಿಸಿ, ಅಂಚು ಮಡಚಿ, ಎರಡು ಕಡೆ ಕಿವಿ ಇಟ್ಟು ಹಗ್ಗ ಪೋಣಿಸಿ ಕೊಡುತ್ತೇನೆ. ಕೊಡಕ್ಕೆ ಒಂದು ಅಳತೆ, ಹಂಡೆಗೆ ಒಂದು, ಚೊಂಬಿಗೆ ಒಂದು. ನಮ್ಮ ಕೆಳಪಾಳ್ಯದಲ್ಲಿ ನನ್ನ ಮುಚ್ಚಳ ಇಲ್ಲದ ಮನೆಯಿಲ್ಲ. ಬೆಳಿಗ್ಗೆ ಆರೂವರೆಗೆ ದಿನ್ನೆಯ ಮೇಲಿನ ಸೈರನ್ ಕೂಗುವ ಹೊತ್ತಿಗೆ ಎಲ್ಲ ಪಾತ್ರೆಗಳ ಬಾಯಿ ಮುಚ್ಚಿ, ಹಗ್ಗ ಬಿಗಿದು, ಮೇಲೊಂದು ಕಲ್ಲು ಹೇರಿರಬೇಕು. ಮರೆತರೆ ನೀರು ಪಾತ್ರೆಯ ಅಂಚು ಹತ್ತಿ ನೆಲಕ್ಕಿಳಿದು, ಹೊಸ್ತಿಲ ಸಂದಿಯಲ್ಲಿ ನುಸುಳಿ ಬೀದಿ ಸೇರಿಕೊಂಡು ದಿನ್ನೆಗೆ ಹತ್ತಿ ಹೋಗಿಬಿಡುತ್ತದೆ. ಒಂದು ಗಂಟೆ ಕಳೆದ ಮೇಲೆ ಸೈರನ್ ಮತ್ತೆ ಕೂಗುತ್ತದೆ. ಆಮೇಲೆ ನಮ್ಮ ನೀರೂ ಬೇರೆ ಊರಿನ ನೀರಿನ ಹಾಗೆ ಇಳಿಜಾರು ಕಂಡ ಕಡೆ ಹರಿಯುತ್ತದೆ.

ಇದಕ್ಕೆ ನಾವು ಒಗ್ಗಿಹೋಗಿದ್ದೆವು. ಆ ಒಂದು ಗಂಟೆ ಯಾರೂ ಮುಖ ತೊಳೆಯುವುದಿಲ್ಲ, ಮಗುವಿಗೆ ಎರೆಯುವುದಿಲ್ಲ. ತಿಳಿಸಾರು ಮೇಲಕ್ಕೆ ಹೋಗುತ್ತದೆ, ಗಟ್ಟಿ ಹುಳಿ ಹೋಗುವುದಿಲ್ಲ. ಅದಕ್ಕೇ ನಮ್ಮ ಕಡೆ ಸಾರು ಎಂದರೆ ಕೈಯಲ್ಲಿ ತೆಗೆದು ಅನ್ನಕ್ಕೆ ಹಾಕಿಕೊಳ್ಳುವಷ್ಟು ಗಟ್ಟಿ. ಮದುವೆಯಾಗಿ ಬಂದ ಸೊಸೆಗೆ ಅತ್ತೆ ಮೊದಲು ಕಲಿಸುವುದು ಹಗ್ಗದ ಗಂಟು. ಹಗ್ಗ ಬಿಗಿದು ಮುಗಿದ ಮೇಲೆ ಬಾಗಿಲು ಹಾಕಿಕೊಂಡು, ಬೀದಿಗೆ ಬೆನ್ನು ಕೊಟ್ಟು ಒಳಗೆ ಕೂರಬೇಕು. ನೀರು ಹತ್ತುವುದನ್ನು ನೋಡಿದವರ ಕಣ್ಣು ಹೋಗುತ್ತದೆ ಎಂದು ಹಿರಿಯರು ಹೇಳಿದ್ದರು. ಹಾಗಾಗಿ ನಾವೆಲ್ಲ ಅದರ ಸದ್ದು ಕೇಳಿದ್ದೆವೇ ಹೊರತು ಒಬ್ಬರೂ ಅದನ್ನು ಕಂಡಿರಲಿಲ್ಲ. ರೇಷ್ಮೆ ಸೀರೆ ನೆಲದ ಮೇಲೆ ಎಳೆದುಕೊಂಡು ಹೋದಂತೆ ಸರಸರ ಅನ್ನುತ್ತದೆ, ಅಷ್ಟೇ.

ಬೀದಿಯ ಕೆಳತುದಿಯಲ್ಲಿ ಬಗ್ಗುಬಾವಿ. ಹಗ್ಗ ಬೇಡ, ಬಗ್ಗಿ ಕೊಡದಲ್ಲೇ ಮೊಗೆಯಬಹುದು. ಮೇಲ್ತುದಿಯಲ್ಲಿ ದಿನ್ನೆ. ಬಿಳಿ ದೊರೆಗಳು ಬಂದು ಗಾಳಿ ಚೆನ್ನಾಗಿದೆಯೆಂದು ದಿನ್ನೆಯ ಮೇಲೆ ಬಂಗಲೆ ಕಟ್ಟಿಕೊಂಡರು. ಅಡಿಗೆಗೆ, ಕುದುರೆಗೆ, ಬಟ್ಟೆಗೆ, ಮಕ್ಕಳನ್ನು ಎತ್ತಿಕೊಳ್ಳುವುದಕ್ಕೆ, ಕಕ್ಕಸು ಬಳಿಯುವುದಕ್ಕೆ ಎಲ್ಲೆಲ್ಲಿಂದಲೋ ಜನ ಹಿಡಿದು ತಂದು ಕೆಳಗೆ ಇಟ್ಟರು. ಆ ಜನ ನಾವು. ಮೇಲೆ ಗಾಳಿ ಇತ್ತು, ನೀರು ಇರಲಿಲ್ಲ. ದೊರೆ ಅಪ್ಪಣೆ ಮಾಡಿದ, ನೀರು ಮೇಲಕ್ಕೆ ಹತ್ತತೊಡಗಿತು. ಆಮೇಲೆ ದೊರೆಗಳು ಹಡಗು ಹತ್ತಿ ಹೋದರು. ಬಂಗಲೆಗಳಿಗೆ ನಮ್ಮವರೇ ದೊಡ್ಡವರು ಬಂದರು. ಗೇಟಿನ ಬೋರ್ಡು ಬದಲಾಯಿತು, ಬಾವುಟ ಬದಲಾಯಿತು, ಸೈರನ್ ಮಾತ್ರ ಅದೇ. ಪಾಳ್ಯದವರು ಮೂರು ಸಲ ಅರ್ಜಿ ಹಿಡಿದುಕೊಂಡು ಮುನ್ಸಿಪಾಲಿಟಿಗೆ ಹೋದರು. ಮೂರು ಸಲವೂ ಒಂದೇ ಉತ್ತರ: ಅಪ್ಪಣೆ ಕೊಟ್ಟವರೇ ರದ್ದು ಮಾಡಬೇಕು, ಅವರು ಈಗ ಈ ದೇಶದಲ್ಲಿ ಇಲ್ಲ.

ಆ ಅಪ್ಪಣೆಯನ್ನು ತಮಟೆ ಬಡಿದು ಸಾರಿದವನು ನನ್ನ ಮುತ್ತಾತ. ಅದಕ್ಕಾಗಿ ದೊರೆ ಅವನಿಗೆ ಏಳು ಹಿತ್ತಾಳೆ ಗುಂಡಿಯ ಕೆಂಪು ಕೋಟು ಕೊಟ್ಟ. ವರ್ಷಕ್ಕೊಮ್ಮೆ, ಬೇಸಿಗೆ ಶುರುವಾಗುವಾಗ, ಅದನ್ನು ಮತ್ತೆ ಸಾರಬೇಕು. ಇಲ್ಲದಿದ್ದರೆ ನೀರಿಗೆ ಮರೆತುಹೋಗುತ್ತದೆ ಎಂದು ನಂಬಿಕೆ. ಮುತ್ತಾತ ಆದ ಮೇಲೆ ತಾತ, ತಾತ ಆದ ಮೇಲೆ ನನ್ನಪ್ಪ ಮರಿಯಪ್ಪ. ಅಪ್ಪ ನಲವತ್ತೊಂದು ವರ್ಷ ಆ ಕೋಟು ಹಾಕಿಕೊಂಡು, ಬಗ್ಗುಬಾವಿಯಿಂದ ದಿನ್ನೆಯ ಬುಡದವರೆಗೆ ಸಾರಿದ. ಸಾರುವವನೂ ಹಿಂತಿರುಗಿ ನೋಡುವಂತಿರಲಿಲ್ಲ. ಆ ಕೋಟು ನೆಲಕ್ಕೆ ತಾಗಬಾರದೆಂದು ಮೊಳೆಗೆ ಕೂಡ ನೇತುಹಾಕದೆ ಪೆಟ್ಟಿಗೆಯಲ್ಲಿ ಬೇವಿನ ಸೊಪ್ಪು ಇಟ್ಟು ಕಾಯುತ್ತಿದ್ದ. ಚಿಕ್ಕವಳಿದ್ದಾಗ ನಾನು ಒಂದು ಗುಂಡಿ ಹಿಡಿದು ತಿರುಗಿಸಿದ್ದಕ್ಕೆ ಬಿದ್ದ ಏಟು ಇನ್ನೂ ನೆನಪಿದೆ.

ಹೋದ ವರ್ಷ ಸಾರುವ ದಿನಕ್ಕೆ ಎಂಟು ದಿನ ಇರುವಾಗ ಅಪ್ಪನಿಗೆ ಲಕ್ವ ಹೊಡೆಯಿತು. ಬಲಗೈ, ಬಲಗಾಲು ಹೋಯಿತು. ಮುನ್ಸಿಪಾಲಿಟಿಯವರು ಆಟೋಗೆ ಮೈಕು ಕಟ್ಟಿ ಕಳಿಸಿದರು. ಮೈಕು ಬಂದರೆ ನಮ್ಮ ಕಡೆ ಪಾತ್ರೆ ಮಾರುವವನೋ ಓಟು ಕೇಳುವವನೋ ಇರಬೇಕೆಂದು ಜನ ಹೊರಗೆ ಬಂದು ನಿಲ್ಲುತ್ತಾರೆ. ಬಂದು ನಿಂತರು. ಸೈರನ್ ಕೂಗಿದಾಗಲೂ ಅರ್ಧ ಜನ ಬಾಗಿಲಲ್ಲೇ ಬಾವಿಯ ಕಡೆ ನೋಡದೆ ಮುಖ ತಿರುಗಿಸಿಕೊಂಡು ಹರಟುತ್ತಿದ್ದರಂತೆ. ಆವತ್ತು ನೀರು ಬುಡನ್ ಸಾಬರ ಸೈಕಲ್ ಶಾಪಿನವರೆಗೆ ಬಂದು, ಅಲ್ಲೇ ಸುಸ್ತಾದಂತೆ ಬೀದಿಯಲ್ಲಿ ಹರಡಿಕೊಂಡಿತು. ಗಾಬರಿಯಾದ ಮುನ್ಸಿಪಾಲಿಟಿಯವರು ಅಪ್ಪನನ್ನು ಅದೇ ಆಟೋದಲ್ಲಿ ಕೂರಿಸಿ, ಎಡಗೈಗೆ ಕೋಲು ಕೊಟ್ಟರು. ತಮಟೆಯ ಸದ್ದು ಕೇಳಿದ್ದೇ ಜನ ಒಳಗೆ ಓಡಿ ಬಾಗಿಲು ಹಾಕಿಕೊಂಡರು. ನೀರು ಎದ್ದು ದಿನ್ನೆಗೆ ಹೋಯಿತು. ಮೈಕಿಗೆ ನೀರು ಬಗ್ಗುವುದಿಲ್ಲ, ತಮಟೆಯೇ ಬೇಕು ಎಂದು ಎಲ್ಲರೂ ಮಾತಾಡಿಕೊಂಡರು. ನಾನೂ ಹಾಗೇ ಅಂದುಕೊಂಡಿದ್ದೆ, ದಡ್ಡಿ.

ಈ ವರ್ಷ ಸಾರುವ ದಿನಕ್ಕೆ ಇನ್ನೂ ಹತ್ತು ದಿನ ಇರುವಾಗ ವಾರ್ಡಿನ ಇಂಜಿನಿಯರು ಚಿದಾನಂದಯ್ಯ ಸ್ಕೂಟರಿನಲ್ಲಿ ಬಂದರು. ಪಕ್ಕದ ಮನೆಯ ರೋಸಮ್ಮ ಆಗ ನನ್ನ ಜಗುಲಿಯಲ್ಲಿ ಕೂತು ಎಲೆಯಡಿಕೆ ಹಾಕುತ್ತಿದ್ದಳು. ರೋಸಮ್ಮನ ಅಜ್ಜಿ ಬಂಗಲೆಯಲ್ಲಿ ಆಯಾ ಆಗಿದ್ದವಳು. ಇವಳು ಆಸ್ಪತ್ರೆಯ ಹಾಸು, ಹೊದಿಕೆ ತಂದು ಒಗೆದು ಕೊಡುತ್ತಾಳೆ. ಬೆಳಿಗ್ಗೆ ನೀರೆಲ್ಲ ಮೇಲೆ ಹೋದ ಮೇಲೆ ಬಗ್ಗುಬಾವಿಯಲ್ಲಿ ಕೆಸರು ಕಾಣುತ್ತದೆ. ಮಧ್ಯಾಹ್ನದ ಹೊತ್ತಿಗೆ ಮೊಣಕಾಲುದ್ದ ಊರುತ್ತದೆ. ರೋಸಮ್ಮನ ಒಗೆತ, ಪಾಳ್ಯದ ಸ್ನಾನ, ಅಡಿಗೆ, ಮಾರನೆಯ ದಿನಕ್ಕೆ ತುಂಬಿಡುವುದು, ಎಲ್ಲ ಅದರಲ್ಲೇ.

ಇಂಜಿನಿಯರು ಸ್ಕೂಟರಿನಿಂದ ಇಳಿಯಲಿಲ್ಲ. "ಚೌಡಮ್ಮ, ಈ ಸಲ ನೀನೇ ಸಾರಬೇಕು. ನಿಮ್ಮಪ್ಪನ ಕೈಲಿ ಆಗಲ್ಲ."

"ಹೆಂಗಸರು ತಮಟೆ ಮುಟ್ಟಬಾರ್ದು ಅಂತಿದ್ರಲ್ಲ ಸಾರ್, ನಿಮ್ಮ ಆಫೀಸಿನೋರು?"

"ಅದೆಲ್ಲ ಹಳೇ ಕಾಲ. ಈಗ ಎಲ್ಲ ಸಮಾನ" ಎಂದು ನಕ್ಕರು. "ಇನ್ನೊಂದು ವಿಷಯ. ಮೇಲೆ ಹೊಸ ಫ್ಲಾಟ್ ಬಂದಿದೆ, ಈಜುಕೊಳ ಬೇರೆ. ಬೆಳಿಗ್ಗೆ ಒಂದು ಗಂಟೆ ಸಾಕಾಗಲ್ಲ. ಮಧ್ಯಾಹ್ನ ಒಂದರಿಂದ ಎರಡರವರೆಗೂ ಅಂತ ಸೇರಿಸಿ ಸಾರಬೇಕು."

ರೋಸಮ್ಮ ಎಲೆಯಡಿಕೆ ಉಗುಳಿದಳು. "ಮಧ್ಯಾಹ್ನದ್ದೂ ಹೋದ್ರೆ ನಾವು ಏನು ಕುಡಿಯೋದು ಸ್ವಾಮಿ? ಆಸ್ಪತ್ರೆ ಬಟ್ಟೇನ ಉಗುಳಲ್ಲಿ ಒಗೀಲಾ?"

"ಟ್ಯಾಂಕರ್ ಬಿಡ್ತೀವಮ್ಮ."

"ಯಾವಾಗ?"

"ಬಿಡ್ತೀವಿ ಅಂದ್ನಲ್ಲ." ಅವರು ನನ್ನ ಕಡೆ ತಿರುಗಿದರು. "ನೋಡು ಚೌಡಮ್ಮ, ನಿನಗೇನು ನಷ್ಟ? ದಿನಕ್ಕೆ ಎರಡು ಸಲ ಮುಚ್ಚಬೇಕಾದ್ರೆ ನಿನ್ನ ಮುಚ್ಚಳ ಎರಡರಷ್ಟು ಖರ್ಚಾಗುತ್ತೆ. ದಿನ್ನೆ ಬುಡದಲ್ಲಿ ಒಂದು ಮನೆ ಮಂಜೂರು ಮಾಡಿಸ್ತೀನಿ. ನಲ್ಲಿ ಇರೋ ಮನೆ."

ನನಗೆ ಮೂಗಿನ ತುದಿಯಲ್ಲೇ ಕೋಪ. ಕೈಯಲ್ಲಿದ್ದ ಹಂಡೆ ಮುಚ್ಚಳ ಎಸೆದೆ. ಅದು ಅವರಿಗೆ ತಾಗಲಿಲ್ಲ, ಸ್ಕೂಟರಿನ ಕನ್ನಡಿಗೆ ಬಡಿದು ಕನ್ನಡಿ ಸೀಳಿತು. "ನಾನು ಸಾರಲ್ಲ. ಹೋಗಿ ನಿಮ್ಮ ಹೆಂಡ್ತಿ ಕೈಲಿ ಸಾರಿಸ್ಕೊಳ್ಳಿ" ಅಂದೆ.

ಅವರಿಗೆ ಸಿಟ್ಟು ಬರಲಿಲ್ಲ. ಅದೇ ನನಗೆ ಹೆದರಿಕೆ ಹುಟ್ಟಿಸಿದ್ದು. ಒಡೆದ ಕನ್ನಡಿಯನ್ನು ಬೆರಳಲ್ಲಿ ಸರಿಮಾಡಿ, "ನೀನು ಬರದಿದ್ರೆ ಹೋದ ವರ್ಷದ ಹಾಗೆ ನಿಮ್ಮಪ್ಪನ್ನ ಆಟೋದಲ್ಲಿ ಕೂರಿಸ್ತೀವಿ. ಕೈ ಹಿಡಿದು ಬಡಿಸ್ತೀವಿ. ನೀರಿಗೆ ತಮಟೆ ಸದ್ದು ಬೇಕು, ಯಾರ ಕೈ ಅಂತ ಅದು ಕೇಳಲ್ಲ" ಎಂದು ಹೇಳಿ ಹೋದರು.

ಒಳಗೆ ಅಪ್ಪ ಎಲ್ಲ ಕೇಳಿಸಿಕೊಂಡಿದ್ದ. ಲಕ್ವ ಹೊಡೆದ ಮೇಲೆ ಅವನ ಮಾತು ಬಾಯೊಳಗೆ ಅಕ್ಕಿ ಇಟ್ಟುಕೊಂಡು ಆಡಿದ ಹಾಗೆ. ಆದರೂ ಅರ್ಥವಾಗುತ್ತದೆ. "ಸಾರು ಮಗಾ. ನಮ್ಮ ಮನೆತನದ ಮಾತು ಅದು. ಮುರೀಬಾರ್ದು."

"ಯಾವನ ಮಾತಪ್ಪ ಅದು? ನಮ್ಮ ಮುತ್ತಾತಂದಾ? ದೊರೇದು. ದೊರೆ ಹೋಗಿ ಎಷ್ಟು ಕಾಲ ಆಯ್ತು."

"ಕೋಟು ಕೊಟ್ಟವ್ನೆ."

"ಕೋಟು ಕೊಟ್ಟು ಬಾವಿ ಹೊಡ್ಕೊಂಡ" ಅಂದೆ. ಅಪ್ಪ ಮುಖ ಗೋಡೆಗೆ ತಿರುಗಿಸಿದ. ಎರಡು ದಿನ ನನ್ನ ಕೈಯಲ್ಲಿ ಗಂಜಿ ಕುಡಿಯಲಿಲ್ಲ. ರೋಸಮ್ಮ ಬಂದು ಕುಡಿಸಿದಳು.

ಮೂರನೆಯ ದಿನ ನಾನು ಸೋತೆ ಎಂದು ಹೇಳಬೇಕು. ಅವನನ್ನು ಗೊಂಬೆಯ ಹಾಗೆ ಕೂರಿಸಿ ಕೈ ಹಿಡಿದು ಬಡಿಸುವುದನ್ನು ನಾನು ನೋಡಲಾರೆ. ಅದಕ್ಕಿಂತ ನಾನೇ ಸಾರುವುದು ಮೇಲು. ಬೆಳಗಿನದನ್ನು ಮಾತ್ರ ಸಾರೋಣ, ಮಧ್ಯಾಹ್ನದ್ದನ್ನು ಬಿಟ್ಟುಬಿಡೋಣ, ಇಂಜಿನಿಯರು ಏನು ಮಾಡಿಕೊಳ್ಳುತ್ತಾರೋ ಮಾಡಿಕೊಳ್ಳಲಿ ಎಂದುಕೊಂಡೆ. "ಅಪ್ಪ, ಆ ಮಾತು ಹೇಳಿಕೊಡು" ಅಂದೆ. ಅವನ ಒಂದು ಕಣ್ಣು ಅರಳಿತು.

ಅಪ್ಪನಿಗೆ ಓದು ಬರದು. ಮುತ್ತಾತನಿಂದ ತಾತ, ತಾತನಿಂದ ಅಪ್ಪ, ಬಾಯಿಂದ ಬಾಯಿಗೆ ಕಲಿತದ್ದು. ನನ್ನನ್ನು ಮಾತ್ರ ಸೋದರಮಾವ ತನ್ನ ಹಳ್ಳಿಗೆ ಕರೆದುಕೊಂಡು ಹೋಗಿ ಅಲ್ಲಿಯ ಸ್ಕೂಲಿನಲ್ಲಿ ಏಳನೆಯ ತನಕ ಓದಿಸಿದ್ದ. ಅಪ್ಪನ ತೊದಲು ಮಾತು ಒಂದೇ ಸಲಕ್ಕೆ ನೆನಪಿನಲ್ಲಿ ಕೂರಲಿಲ್ಲ. ಮುಚ್ಚಳದ ಅಳತೆ ಬರೆಯುವ ಪುಸ್ತಕದಲ್ಲೇ ಬರೆದುಕೊಂಡೆ. ಅವನು ಒಂದೊಂದು ಮಾತಿಗೂ ಎಡಗೈಯಿಂದ ಮಂಚದ ಪಟ್ಟಿ ತಟ್ಟುತ್ತಿದ್ದ. ಬರೆದದ್ದು ಇಷ್ಟು:

ಕೇಳ್ರಪ್ಪೋ ಕೇಳಿ. ದೊರೆಗಳ ಅಪ್ಪಣೆ ಆಗಿದೆ. ಬೆಳಗಿನ ಕೂಗು ಆದ ಮೇಲೆ ಕೆಳಪಾಳ್ಯದ ಹೆಣ್ಣು ಗಂಡು ಮಕ್ಕಳು ಮುದುಕರು ಯಾರೂ ಬೀದಿಗೆ ಬರಕೂಡದು. ಬಾಗಿಲು ಹಾಕಬೇಕು. ಬೆನ್ನು ಕೊಟ್ಟು ಕೂರಬೇಕು. ತಿರುಗಿ ನೋಡಕೂಡದು. ಇನ್ನೊಂದು ಕೂಗು ಆಗುವ ತನಕ ಯಾರೂ ಏಳಕೂಡದು. ಕೇಳದವರು ಹೇಳಿಲ್ಲ ಅನ್ನಬೇಡಿ.

"ಆಮೇಲೆ?" ಅಂದೆ.

"ಆಮೇಲೆ ಇಲ್ಲ. ಅಷ್ಟೇ."

"ನೀರಿಗೆ ಹೇಳೋದು?"

"ಏನು ನೀರಿಗೆ?"

"ನೀರೇ, ಮೇಲಕ್ಕೆ ಹತ್ತು ಅಂತ. ಅದು ಎಲ್ಲಿ ಬರುತ್ತೆ ಇದರಲ್ಲಿ?"

ನಲವತ್ತೊಂದು ವರ್ಷ ಸಾರಿದವನು ಮನಸ್ಸಿನಲ್ಲೇ ಮೊದಲಿನಿಂದ ಕೊನೆಯವರೆಗೆ ಹೇಳಿಕೊಂಡು ನೋಡುತ್ತಿದ್ದಾನೆಂದು ಅವನ ತುಟಿಯಿಂದ ಗೊತ್ತಾಗುತ್ತಿತ್ತು. "ಇಲ್ಲ" ಅಂದ. "ನೀರಿನ ಮಾತೇ ಇಲ್ಲ."

ಪುಸ್ತಕ ಹಿಡಿದುಕೊಂಡು ಹೊರಗೆ ಬಂದು ಜಗುಲಿಯಲ್ಲಿ ಕೂತೆ. ಮತ್ತೆ ಓದಿದೆ. ಬರಕೂಡದು, ಹಾಕಬೇಕು, ಕೂರಬೇಕು, ನೋಡಕೂಡದು. ಅಷ್ಟೂ ನಮಗೆ. ಹೋದ ವರ್ಷ ಮೈಕು ಬಂದಾಗ ಜನ ಬಾಗಿಲಲ್ಲಿ ನಿಂತಿದ್ದದ್ದು, ಬುಡನ್ ಸಾಬರ ಅಂಗಡಿಯ ಮುಂದೆ ನೀರು ಸುಸ್ತಾದದ್ದು ಆಗ ನೆನಪಿಗೆ ಬಂತು. ನೀರು ತಮಟೆ ಕೇಳಿ ಹತ್ತಿದ್ದಲ್ಲ, ನಾವು ಬೀದಿ ಬಿಟ್ಟುಕೊಟ್ಟದ್ದಕ್ಕೆ ಹತ್ತಿದ್ದು. ತಗಡಿನ ಕತ್ತರಿ ಎತ್ತಿಕೊಂಡು ಅರ್ಧ ಕತ್ತರಿಸಿದ್ದ ಮುಚ್ಚಳವೊಂದನ್ನು ಚೂರು ಚೂರು ಮಾಡಿದೆ. ಇಷ್ಟು ವರ್ಷ! ನಮಗೆ ಕಿವಿ ಇದ್ದದ್ದಕ್ಕೆ ಅಲ್ಲವೇ ಈ ಗತಿ.

ಮಾರನೆಯ ಬೆಳಿಗ್ಗೆ ಸೈರನ್ ಕೂಗಿತು. ಬೀದಿಯ ಬಾಗಿಲುಗಳೆಲ್ಲ ದಡದಡ ಮುಚ್ಚಿಕೊಂಡವು. ನಾನು ಹೊರಗೆ ಹೋಗಿ ಬೀದಿಯ ನಡುವೆ ಬಾವಿಯ ಕಡೆ ಮುಖ ಮಾಡಿ ನಿಂತೆ. ಹೆದರಿಕೆ ಇರಲಿಲ್ಲ ಎಂದರೆ ಸುಳ್ಳು. ಒಂದು ಕಣ್ಣನ್ನು ಕೈಯಿಂದ ಮುಚ್ಚಿಕೊಂಡಿದ್ದೆ, ಹೋದರೆ ಒಂದೇ ಹೋಗಲಿ ಎಂದು. ಬಾವಿಯ ಕಟ್ಟೆ ದಾಟಿ ನೀರು ಬಂತು. ಒಂದು ಗೇಣು ಎತ್ತರ, ಬೀದಿಯ ಅಗಲಕ್ಕೂ. ಕನ್ನಡಿಯಂತೆ ಆಕಾಶ ಹೊತ್ತುಕೊಂಡು, ಏರನ್ನು ಇಳಿಜಾರು ಅಂದುಕೊಂಡಂತೆ ಬರುತ್ತಿತ್ತು. ನನ್ನ ಮುಂದೆ ಒಂದು ಮೊಳ ದೂರದಲ್ಲಿ ನಿಂತಿತು. ಹೊಸ ಮನೆಗೆ ಬಂದ ಕರುವಿನ ಹಾಗೆ ಅತ್ತ ಇತ್ತ ನೋಡಿತು. ಆಮೇಲೆ ಎರಡು ಪಕ್ಕದಲ್ಲಿ ಸೀಳಿಕೊಂಡು ನನ್ನನ್ನು ಬಳಸಿ ಮೇಲಕ್ಕೆ ಹೋಯಿತು. ನನ್ನ ಪಾದ ಒದ್ದೆಯಾಗಲಿಲ್ಲ. ಮುಚ್ಚಿದ ಕಣ್ಣು ತೆಗೆದೆ. ಎರಡೂ ಕಾಣುತ್ತಿದ್ದವು.

ಎರಡನೆಯ ಕೂಗು ಆದ ಮೇಲೆ ಬೀದಿಯ ಅಗಲವನ್ನು ಹೆಜ್ಜೆ ಇಟ್ಟು ಅಳೆದೆ. ಭುಜಕ್ಕೆ ಭುಜ ಕೊಟ್ಟು ನಿಂತರೆ ಹದಿನಾಲ್ಕು ಜನ ಬೇಕು.

ಆ ದಿನ ರೋಸಮ್ಮನನ್ನು ಬುಡನ್ ಸಾಬರ ಅಂಗಡಿಗೆ ಕರೆದುಕೊಂಡು ಹೋದೆ. ಬುಡನ್ ಸಾಬರಿಗೆ ಎಪ್ಪತ್ತು ದಾಟಿದೆ, ಪಾಳ್ಯದಲ್ಲಿ ಅವರ ಮಾತಿಗೆ ಬೆಲೆ. ಪಂಕ್ಚರ್ ಹಾಕುತ್ತಾ ಎಲ್ಲವನ್ನೂ ಕೇಳಿದರು.

"ಕಣ್ಣು ತೋರ್ಸು" ಅಂದಳು ರೋಸಮ್ಮ. ನನ್ನ ರೆಪ್ಪೆ ಎಳೆದು ನೋಡಿದಳು. "ಇದಕ್ಕೆ ಏನೂ ಆಗಿಲ್ಲ, ಮೊದಲಿನ ಹಾಗೇ ದುರುಗುಟ್ಟುತ್ತೆ. ಆದ್ರೂ ಚೌಡಿ, ನೀರು ಇಲ್ಲೇ ನಿಂತ್ರೆ ನಿನ್ನ ಮುಚ್ಚಳ ಯಾರು ಕೊಳ್ತಾರೆ? ನಿಂಗೆ ಇರೋದು ಅದೊಂದೇ ಅನ್ನ."

"ಅನ್ನ ಮಾಡಕ್ಕೆ ನೀರು ಬೇಕಲ್ಲ ಕಣೇ, ಮೊದ್ಲು."

"ಮಾತಿಗೇನು ಬಿಡು. ಮೇಲಿನ ಮನೆಗಳಿಗೆ ಪಾತ್ರೆ ತೊಳೆಯಕ್ಕೆ ಹೋಗೋ ಹೆಣ್ಮಕ್ಕಳು ಎಷ್ಟು ಜನ ಅವ್ರೆ ಇಲ್ಲಿ? ಬೀದೀಲಿ ನಿಂತೋರನ್ನ ನಾಳೆ ಬರಬೇಡ ಅಂತಾರೆ."

"ತೊಳೆಯಕ್ಕೆ ನೀರೇ ಹೋಗದಿದ್ರೆ ಆ ಹೆಣ್ಮಕ್ಕಳು ಅವರಿಗೆ ಯಾಕೆ ಬೇಕು, ನೀನೇ ಹೇಳು" ಎಂದು ಬುಡನ್ ಸಾಬರು ನಕ್ಕರು. ಆಮೇಲೆ ನಗು ಬಿಟ್ಟು ಟ್ಯೂಬನ್ನು ನೀರಿನ ಬೋಗುಣಿಯಲ್ಲಿ ಅದ್ದಿದರು. "ನಮ್ಮ ಮುತ್ತಜ್ಜ ದೊರೆ ಕುದುರೆಗೆ ನೀರು ಕುಡಿಸ್ತಿದ್ದ ಅಮ್ಮಾ. ಕುದುರೆ ಸತ್ತೋಯ್ತು, ದೊರೆ ಹೋದ, ನಾವು ಇನ್ನೂ ಕುಡಿಸ್ತಾನೇ ಇದ್ದೀವಿ. ನನ್ನ ಹೆಸ್ರು ಬರ್ಕೋ. ನಡುವೆ ನಿಲ್ಲಿಸ್ಬೇಡ, ಗೋಡೆ ಪಕ್ಕ ಕೊಡು. ಮಂಡಿ ನೋವು."

ಏಳು ದಿನ ಮನೆ ಮನೆ ತಿರುಗಿದೆ. ಕೆಲವರು ಬಾಗಿಲಲ್ಲೇ ಬೈದು ಕಳಿಸಿದರು. ಕೆಲವರ ಜೊತೆ ನಾನೇ ಜಗಳ ಆಡಿಕೊಂಡು ಬಂದೆ. ನಯವಾಗಿ ಮಾತಾಡಲು ನನಗೆ ಬರುವುದಿಲ್ಲ, ರೋಸಮ್ಮ ಹಿಂದೆಯೇ ಹೋಗಿ ಸಮಾಧಾನ ಮಾಡಬೇಕಾಯಿತು. ಕೊನೆಗೆ ಹದಿನೆಂಟು ಜನ ಆಗಲಿ ಅಂದರು. ನಾಲ್ಕು ಜನ ತಪ್ಪಿಸಿಕೊಂಡರೂ ಸಾಕಾಗುತ್ತದೆ ಎಂದು ಲೆಕ್ಕ ಹಾಕಿದೆ. ಅಪ್ಪನಿಗೆ ಏನೂ ಹೇಳಲಿಲ್ಲ. ಮಗಳು ದಾರಿಗೆ ಬಂದಳು ಎಂದು ಅವನು ಖುಷಿಯಾಗಿದ್ದ. ಸಾರುವ ದಿನ ಬೆಳಿಗ್ಗೆ ಪೆಟ್ಟಿಗೆ ತೆರೆಸಿ, ಎಡಗೈಯಿಂದ ತಾನೇ ನನಗೆ ಕೋಟಿನ ಗುಂಡಿ ಹಾಕಿದ. ಏಳು ಗುಂಡಿಗೆ ಬಹಳ ಹೊತ್ತು ಹಿಡಿಯಿತು. "ತಾತನ ಹಾಗೇ ಕಾಣ್ತೀಯ" ಅಂದ. ನನಗೆ ಅವನ ಮುಖ ನೋಡಲಾಗಲಿಲ್ಲ.

ಆರು ಗಂಟೆಗೆ ಬಗ್ಗುಬಾವಿಯ ಹತ್ತಿರ ನಿಂತು ತಮಟೆ ಬಡಿದೆ. ಬೆಂಕಿಗೆ ಹಿಡಿದು ಕಾಯಿಸಿದ್ದ ಚರ್ಮ, ಒಂದೇ ಏಟಿಗೆ ಬೀದಿಯ ಎರಡೂ ಗೋಡೆ ಮಾತಾಡಿದವು. ಇಂಜಿನಿಯರು ದಿನ್ನೆಯ ಬುಡದಲ್ಲಿ ಜೀಪಿನ ಪಕ್ಕ ಕುರ್ಚಿ ಹಾಕಿಸಿಕೊಂಡು, ವಾಡಿಕೆಯಂತೆ ಬೀದಿಗೆ ಬೆನ್ನು ಕೊಟ್ಟು ಕೂತಿದ್ದರು. ಅಷ್ಟು ದೂರಕ್ಕೆ ತಮಟೆ ಕೇಳಿಸುತ್ತದೆ, ಮಾತು ಕೇಳಿಸುವುದಿಲ್ಲ. ನಾನು ಕೂಗಿದೆ.

"ಕೇಳ್ರಪ್ಪೋ ಕೇಳಿ! ಇದು ದೊರೆಗಳ ಅಪ್ಪಣೆ ಅಲ್ಲ. ಮರಿಯಪ್ಪನ ಮಗಳು ಚೌಡಮ್ಮ ಹೇಳೋದು. ಬೆಳಗಿನ ಕೂಗು ಆದ ಮೇಲೆ ಹೆಣ್ಣು ಗಂಡು ಮಕ್ಕಳು ಮುದುಕರು ಎಲ್ಲಾ ಬೀದಿಗೆ ಬರಬೇಕು! ಬಾಗಿಲು ತೆಗೀಬೇಕು! ಎದೆ ಕೊಟ್ಟು ನಿಲ್ಲಬೇಕು! ಕಣ್ಣು ಬಿಟ್ಟು ನೋಡಬೇಕು! ಕೇಳದವರು ಹೇಳಿಲ್ಲ ಅನ್ನಬೇಡಿ!"

ಅಭ್ಯಾಸ ಎಂಥದು ಎಂದು ಆವತ್ತು ನೋಡಿದೆ. ನಾನು ತೆಗೆಯಿರಿ ಎಂದು ಕೂಗುತ್ತಿದ್ದೇನೆ, ತಮಟೆಯ ಸದ್ದಿಗೆ ಕೈ ತಾನಾಗಿ ಬಾಗಿಲು ಮುಚ್ಚುತ್ತಿದೆ. ಆಗಲಿ ಎಂದಿದ್ದ ಮನೆಗಳ ಬಾಗಿಲೂ ಮುಚ್ಚಿಕೊಂಡವು. ಬುಡನ್ ಸಾಬರ ಅಂಗಡಿಯ ಮುಂದೆ ಬಂದಾಗ ಅವರು ಒಬ್ಬರೇ ಗೋಡೆ ಹಿಡಿದುಕೊಂಡು ನಿಂತಿದ್ದರು. ಆಮೇಲೆ ರೋಸಮ್ಮ ಒಗೆಯುವ ಸೀರೆ ಮೊಣಕಾಲಿಗೆ ಎತ್ತಿ ಕಟ್ಟಿಕೊಂಡು ಹೊರಗೆ ಬಂದಳು. ಮುಚ್ಚಿದ ಬಾಗಿಲುಗಳನ್ನು ಒಂದೊಂದಾಗಿ ಒದೆಯುತ್ತಾ ಬಂದಳು. "ಏ ಮಂಜಿ, ಬಾರೇ ಹೊರಗೆ! ನಿನ್ನ ಗಂಡ ಹೊಡೆದಾಗ ಬೀದಿಗೆ ಬರ್ತೀಯಲ್ಲ, ಈಗೇನಾಯ್ತು? ಏ ಸೆಲ್ವಣ್ಣ, ಮೀಸೆ ಯಾತಕ್ಕೆ ಬಿಟ್ಟಿದ್ದೀಯ?" ಒಬ್ಬೊಬ್ಬರೇ ಬಂದರು. ಸೈರನ್ ಕೂಗಿದಾಗ ಎಣಿಸಿದೆ. ನನ್ನನ್ನೂ ಸೇರಿಸಿ ಹನ್ನೊಂದು.

ಅಂಗಡಿಯ ಮುಂದೆ ಸಾಲು ಕಟ್ಟಿ ಬಾವಿಯ ಕಡೆ ತಿರುಗಿ ನಿಂತೆವು. ಅಂಗಡಿಯ ಎದುರಿಗಿರುವ ನನ್ನ ಮನೆಯ ಕಡೆಯ ತುದಿಯಲ್ಲಿ ಮೂರು ಆಳಿನ ಸಂದು ಉಳಿಯಿತು. ನೀರು ಬಂತು. ಯಾರೋ "ಏಸುವೇ" ಅಂದರು, ಯಾರೋ "ಅಲ್ಲಾ" ಅಂದರು, ಮಂಜಿ ಕಣ್ಣು ಮುಚ್ಚಿಕೊಂಡು ನನ್ನ ಕೈ ಹಿಚುಕಿದಳು. ನೀರು ನಮ್ಮ ಮುಂದೆ ನಿಂತು, ಸಾಲಿನ ಉದ್ದಕ್ಕೂ ಮೂಸಿಕೊಂಡು ಹೋಗಿ, ಆ ಸಂದನ್ನು ಕಂಡುಕೊಂಡಿತು. ಅಷ್ಟೂ ನೀರು ಆ ಕಡೆಗೆ ವಾಲಿತು. ಕೈ ಕೈ ಹಿಡಿದು ಅಗಲವಾಗಿ ನಿಂತು ನೋಡಿದೆವು. ನಡುವೆ ಸಂದು ಬಿದ್ದು ಅಲ್ಲೂ ಸೀಳಿಕೊಂಡು ಬರತೊಡಗಿತು.

"ಚೌಡೀ!"

ಅಪ್ಪ. ನಮ್ಮ ಮನೆಯ ಬಾಗಿಲು ತೆರೆದಿತ್ತು. ಮಂಚದಿಂದ ಬಿದ್ದು, ಎಡಗೈಯಲ್ಲಿ ಮೈ ಎಳೆದುಕೊಂಡು ಹೊಸ್ತಿಲವರೆಗೆ ಬಂದಿದ್ದ. ಮೊಣಕೈ ತರಚಿ ರಕ್ತ. ನಾನು ಸಾರಿದ್ದನ್ನೆಲ್ಲ ಕೇಳಿದ್ದ. ಬೈಯುತ್ತಾನೆ ಎಂದುಕೊಂಡೆ. ಇಡೀ ಬೀದಿಯ ಮುಂದೆ ಶಾಪ ಹಾಕುತ್ತಾನೆ ಎಂದುಕೊಂಡೆ.

"ಕೋಟು ಬಿಚ್ಚು" ಅಂದ.

ಬಿಚ್ಚಿದೆ. ಅವಸರಕ್ಕೆ ಎರಡು ಗುಂಡಿ ಕಿತ್ತು ಬಂದವು.

"ಹಾಸು ಅಲ್ಲಿ. ನನ್ನ ಮಲಗ್ಸು."

ಮೊಳೆಗೂ ತಾಗದಿದ್ದ ಕೋಟನ್ನು ಆ ಸಂದಿನಲ್ಲಿ ಬೀದಿಯ ಮಣ್ಣಿನ ಮೇಲೆ ಹಾಸಿದೆ. ಸೆಲ್ವಣ್ಣ ಅಪ್ಪನ ಕಂಕುಳಿಗೆ ಕೈ ಕೊಟ್ಟ, ನಾನು ಕಾಲು ಹಿಡಿದೆ. ಅಡ್ಡಡ್ಡ ಮಲಗಿಸಿದೆವು. ತಲೆ ಗೋಡೆಯ ಕಡೆ, ಕಾಲು ರೋಸಮ್ಮನ ಕಾಲಿಗೆ ತಾಗಿಸಿ. ಮುಖವನ್ನು ನೀರಿನ ಕಡೆ ತಿರುಗಿಸು ಅಂದ, ತಿರುಗಿಸಿದೆ. ನಾನು ಓಡಿ ನನ್ನ ಜಾಗದಲ್ಲಿ ನಿಂತೆ.

ನೀರು ಅವನ ಮುಖದ ಮುಂದೆ ಬಂದು ನಿಂತಿತು. ಒಂದು ಗೇಣಷ್ಟೇ ದೂರ, ಅವನ ಕಣ್ಣಿನ ಎತ್ತರಕ್ಕೆ ಸರಿಯಾಗಿ. ನಲವತ್ತೊಂದು ವರ್ಷ ಅದರ ಮುಂದೆ ಮುಂದೆ ನಡೆದು, ಒಂದು ಸಲವೂ ತಿರುಗಿ ನೋಡದವನು ಅದನ್ನು ನೋಡಿದ. ರೆಪ್ಪೆ ಬಡಿಯದೆ ನೋಡಿದ.

"ಇಷ್ಟೇನಾ?" ಅಂದ. "ಚೌಡಿ, ಇಷ್ಟೇನಾ ಇದು?"

ನೀರು ಮೈ ನಡುಗಿಸಿತು. ಹಿಂದಿನ ನೀರು ಮುಂದಿನದನ್ನು ತಳ್ಳಿತು, ಮುಂದಿನದು ಹಿಂದಕ್ಕೆ ತಳ್ಳಿತು. ಆಮೇಲೆ ಎಲ್ಲ ಒಟ್ಟಿಗೆ ತಿರುಗಿ, ಇಳಿಜಾರು ಈಗ ಕಂಡಿತೇನೋ ಎಂಬಂತೆ, ಬಾವಿಗೆ ಧುಮುಕಿತು. ಆ ಸದ್ದಿಗೆ ಪಾಳ್ಯದ ಬಾಗಿಲುಗಳು ಒಂದೊಂದಾಗಿ ತೆರೆದವು.

ದಿನ್ನೆಯ ಮೇಲೆ ಸೈರನ್ ಮತ್ತೆ ಕೂಗಿತು. ಮತ್ತೆ, ಮತ್ತೆ ಕೂಗಿತು. ಇಂಜಿನಿಯರು ಓಡುತ್ತಾ ಬಂದರು. ಒಂದು ಕೈಯಲ್ಲಿ ಫೋನು ಬಡಿದುಕೊಳ್ಳುತ್ತಿತ್ತು. "ಏನು ಮಾಡಿದೆ ಚೌಡಮ್ಮ! ಇದು ಆದೇಶದ ಉಲ್ಲಂಘನೆ! ಕೇಸಾಗುತ್ತೆ!"

"ಆಗ್ಲಿ ಸಾರ್" ಅಂದೆ. "ಯಾರ ಆದೇಶ ಅಂತ ಬರೀತೀರಿ? ಕೊಟ್ಟೋರನ್ನ ಕರ್ಕೊಂಡು ಬನ್ನಿ. ಅವರೇ ಹೇಳ್ಬೇಕು, ನಿಮ್ಮ ಆಫೀಸಿನಲ್ಲೇ ಅಂದಿದ್ರಲ್ಲ ಮೂರು ಸಲ."

ಅವರು ನನ್ನನ್ನು ಬಿಟ್ಟು ಅಪ್ಪನನ್ನು ನೋಡಿದರು. "ಮರಿಯಪ್ಪ, ನೀನಾದ್ರೂ ಹೇಳು. ಸರ್ಕಾರದ ಕೋಟು ಅದು."

"ಒದ್ದೆಯಾಗಿಲ್ಲ ಬುದ್ಧಿ" ಅಂದ ಅಪ್ಪ ನೆಲದ ಮೇಲಿಂದಲೇ. "ಬೇಕಾದ್ರೆ ತಗೊಂಡೋಗಿ."

ಕೇಸು ಆಯಿತು. ನನ್ನ ಮೇಲೆ, ರೋಸಮ್ಮನ ಮೇಲೆ, ಬುಡನ್ ಸಾಬರ ಮೇಲೆ. ಮೇಲಿನ ಮನೆಗಳಲ್ಲಿ ಆರು ಹೆಣ್ಣುಮಕ್ಕಳ ಕೆಲಸ ಹೋಯಿತು. ನಾಲ್ವರನ್ನು ತಿಂಗಳೊಳಗೆ ಅವರೇ ಮತ್ತೆ ಕರೆದರು, ಮಂಜಿಯನ್ನೂ ಇನ್ನೊಬ್ಬಳನ್ನೂ ಕರೆಯಲಿಲ್ಲ. ಅವರಿಬ್ಬರು ಈಗ ರೋಸಮ್ಮನ ಜೊತೆ ಒಗೆಯುತ್ತಾರೆ. ಮೇಲಿನವರಿಗೆ ನಾವು ನೀರು ಕೊಡುವುದಿಲ್ಲ ಎಂದಿಲ್ಲ. ಮಧ್ಯಾಹ್ನ ಮೂರರ ಮೇಲೆ ಕೊಡ ತೆಗೆದುಕೊಂಡು ಬಂದು ಸಾಲಿನಲ್ಲಿ ನಿಂತು ತುಂಬಿಕೊಂಡು ಹೋಗಲಿ ಎಂದಿದ್ದೇವೆ. ಪೈಪು ಹಾಕಿಸಿ, ನಮ್ಮ ಮನೆಗಳಿಗೂ ಒಂದೊಂದು ನಲ್ಲಿ ಬಿಟ್ಟು ತೆಗೆದುಕೊಂಡು ಹೋಗುವುದಾದರೆ ಅದಕ್ಕೂ ಒಪ್ಪುತ್ತೇವೆ. ಇನ್ನೂ ಯಾರೂ ಆ ಮಾತು ಎತ್ತಿಲ್ಲ. ಟ್ಯಾಂಕರ್ ತರಿಸಿಕೊಳ್ಳುತ್ತಾರೆ. ಟ್ಯಾಂಕರು ದಿನ್ನೆ ಏರುವಾಗ ನರಳುತ್ತದೆ, ನಮಗೆ ಕೇಳಿಸುತ್ತದೆ.

ನನ್ನ ಮುಚ್ಚಳ ಹೋಗುತ್ತಿಲ್ಲ. ರೋಸಮ್ಮ ತನ್ನ ಹಂಡೆ ಮುಚ್ಚಳ ತಂದು ಜಗುಲಿಯ ಮೇಲೆ ಬಿಸಾಡಿ, "ಇದನ್ನ ಏನು ಮಾಡ್ಲೇ ಈಗ?" ಅಂದಳು. ಅದಕ್ಕೆ ಹಿಡಿ ಹಾಕಿ ಕಸದ ಮೊರ ಮಾಡಿ ಕೊಟ್ಟೆ. ಈಗ ಮೊರ ಮಾಡುತ್ತೇನೆ, ಬಕೆಟ್ಟು ಮಾಡುತ್ತೇನೆ. ಮೊದಲಿನಷ್ಟು ನಡೆಯುವುದಿಲ್ಲ. ನಡೆಯುತ್ತದೆ.

ಒಂದು ದಿನ ನಿಂತರೆ ಮುಗಿಯಿತು ಎಂದು ನಾವು ಅಂದುಕೊಂಡಿದ್ದೆವು. ಮಾರನೆಯ ಬೆಳಿಗ್ಗೆ ಸೈರನ್ ಕೂಗಿದಾಗ ನೀರು ಮತ್ತೆ ಬಂತು. ಅದರ ಮಾರನೆಯ ದಿನವೂ ಬಂತು. ಇವತ್ತೂ ಬಂದಿತ್ತು. ನಿಂತವರನ್ನು ನೋಡುತ್ತದೆ, ಸಾಲಿನಲ್ಲಿ ಸಂದು ಇದೆಯೇ ಎಂದು ಈ ತುದಿಯಿಂದ ಆ ತುದಿಗೆ ಹುಡುಕುತ್ತದೆ, ಇಲ್ಲದಿದ್ದರೆ ಹಿಂತಿರುಗುತ್ತದೆ. ಅಷ್ಟು ವರ್ಷದ ರೂಢಿ ಅದಕ್ಕೆ. ಬುಡನ್ ಸಾಬರ ಅಂಗಡಿಯ ಗೋಡೆಯ ಮೇಲೆ ನಾನೇ ಸೀಮೆಸುಣ್ಣದಲ್ಲಿ ಪಾಳಿ ಬರೆದಿದ್ದೇನೆ, ದಿನಕ್ಕೆ ಹದಿನಾಲ್ಕು ಹೆಸರು. ಅಪ್ಪನ ಹೆಸರು ವಾರಕ್ಕೆ ಎರಡು ದಿನ ಇದೆ, ಅವನ ಜಾಗ ಮೂರು ಆಳಿನದು. ನಾಳೆ ನನ್ನದು, ಎಡಗಡೆಯಿಂದ ನಾಲ್ಕನೆಯದು. ಜ್ವರ ಇದೆ. ಆದರೂ ಹೋಗುತ್ತೇನೆ.